ಬೀಳ್ಕೊಡುಗೆಯ ನಡುವೆ ಬಂದ ತಡೆಯಾಜ್ಞೆ

ಸ್ನೇಹಿತರೇ, ಸಿದ್ದಾಪುರದ ನಮ್ಮ ಕಚೇರಿಯ ಪ್ರಥಮ ದರ್ಜೆ ಸಹಾಯಕಿ ಸವಿತಕ್ಕನ ವರ್ಗಾವಣೆಗೆ ಇಂದು ತಡೆಯಾಜ್ಞೆ ಸಿಕ್ಕಿದೆ. ಬೀಳ್ಕೊಡುಗೆ ನಡೆಯುತ್ತಿರುವಾಗಲೇ ಅವರ ವಕೀಲರು ಫೋನ್ ಮಾಡಿ ತಿಳಿಸಿದರು.

ಗಂಡನನ್ನು ವಾರಕ್ಕೆರಡು ಸಲ ಡಯಾಲಿಸಿಸ್‌ಗೆ ಶಿರಸಿಗೆ ಕರೆದೊಯ್ಯುವ ಅವರನ್ನು, ಅವಧಿ ಮುಗಿಯುವ ಮೊದಲೇ ಬೀದರಿಗೆ ಹಾಕಿದ್ದರು. ಸಾಹೇಬರು ಶಾಲು ಹೊದಿಸಿ ಆಗಿತ್ತು. ಬಿಡುಗಡೆ ಪತ್ರಕ್ಕೆ ಮಾತ್ರ ಊಟದ ನಂತರ ಸಹಿ ಹಾಕಿದರಾಯಿತು ಎಂದುಕೊಂಡಿದ್ದರು. ಆ ಸಹಿ ಬೀಳದ ಕಾರಣ ಸವಿತಕ್ಕ ಕುರ್ಚಿ ಬಿಡಬೇಕಾಗಿಲ್ಲ.

“ಈಗ ಈ ಶಾಲು ಎಂತ ಮಾಡೂದು ಮೇಡಂ?” ಎಂದರು ಸಾಹೇಬರು.

“ಇರ್ಲಿ ಬಿಡಿ ಸರ್. ನಿಮ್ಗೆ ವರ್ಗ ಆದಾಗ ಇದನ್ನೇ ಹೊದೆಸ್ತೇವೆ” ಎಂದರು ಸವಿತಕ್ಕ.

ಬೀಳ್ಕೊಡುಗೆಗೆ ತರಿಸಿದ್ದ ಶಿರಾವನ್ನು ಗೆಲುವಿನ ಶಿರಾ ಎಂದು ತಿಂದು ಮುಗಿಸಿದೆವು. ಸಾಹೇಬರು ಎರಡನೇ ಸಲ ಹಾಕಿಸಿಕೊಂಡರು.

ಅರ್ಜಿಯ ಮುಂದಿನ ವಿಚಾರಣೆ ಬರುವ ತಿಂಗಳು.