ಯಾವ ಲೆಕ್ಕದಾಗ ಹೇಳ್ಲಿ?

ಮೊನ್ನೆ ಕಲಬುರಗಿಯಲ್ಲಿ ಒಬ್ಬ ಡಾಕ್ಟರು ನನ್ನ ಮುಂದೆ ಬಿಳಿ ಹಾಳೆಯೊಂದನ್ನು ಇಟ್ಟು ಗಡಿಯಾರದ ಚಿತ್ರ ಬರೆಯಲು ಹೇಳಿದರು. ಚಿತ್ರ ಬರೆದು ಅಭ್ಯಾಸವಿಲ್ಲ, ಬೇಕಾದರೆ ರಂಗೋಲಿ ಹಾಕುತ್ತೇನೆ ಎಂದೆ. ಡಾಕ್ಟರು ಇನ್ನೂ ಎಳೆಯರು. ನಕ್ಕು, 'ರಂಗೋಲಿ ಬ್ಯಾಡ್ರಿ ಅಜ್ಜಿ, ಗಡಿಯಾರನೇ ಬರೀರಿ' ಅಂದರು. ಚಸ್ಮಾ ಏರಿಸಿಕೊಂಡು ಬರೆದೆ. ಅಂಕಿಗಳೆಲ್ಲ ಒಳಗೆ ಹಿಡಿದವು. ಮೂರು ಮತ್ತು ನಾಲ್ಕು ಮಾತ್ರ ಬಸ್ಸಿನ ಸೀಟಿಗೆ ಜಗಳಾಡುವವರ ಹಾಗೆ ಒತ್ತಿಕೊಂಡು ಕೂತವು. ಆಮೇಲೆ ಅವರು ಮೂರು ಮಾತು ಹೇಳಿದರು: ಏಣಿ, ಹುಣಸೆಹಣ್ಣು, ಕನ್ನಡಕ. ಸ್ವಲ್ಪ ಹೊತ್ತು ಬಿಟ್ಟು ಕೇಳುತ್ತೇನೆ, ನೆನಪಿಡಿ ಎಂದರು. ನೀವೂ ನೆನಪಿಡಿ. ನಾನೊಬ್ಬಳೇ ಪರೀಕ್ಷೆಗೆ ಕೂರುವುದು ನ್ಯಾಯವಲ್ಲ.

ನನ್ನನ್ನು ಅಲ್ಲಿಗೆ ಕರೆದುಕೊಂಡು ಹೋದವಳು ನನ್ನ ಸೊಸೆ. ಕಾರಣ ದೊಡ್ಡದೇನಲ್ಲ. ಮನೆಯ ಬೀಗದ ಕೈ ಫ್ರಿಜ್ಜಿನಲ್ಲಿ ಸಿಕ್ಕಿತ್ತು, ಅದೂ ಎರಡನೆಯ ಸಲ. ಬೇಸಿಗೆ ಅಲ್ಲವೇ, ಕೆಡದಿರಲಿ ಎಂದು ಇಟ್ಟೆ ಎಂದು ನಾನು ಹೇಳಿದರೆ ಆಕೆ ನಗಲಿಲ್ಲ. ಒಳ್ಳೆಯ ಹುಡುಗಿ, ನನ್ನ ಮಾತಿಗೆ ಸಾಮಾನ್ಯವಾಗಿ ನಗುತ್ತಾಳೆ.

'ಈಗ ಯಾವ ತಿಂಗಳರಿ ಅಜ್ಜಿ?' ಎಂದು ಡಾಕ್ಟರು ಕೇಳಿದರು. ನನ್ನ ನಾಲಿಗೆಯ ತುದಿಗೆ ಬಂದದ್ದು ತಿಂಗಳಲ್ಲ, ನಮ್ಮತ್ತೆಯ ಮಾತು. ಆ ಮಾತಿನ ಕಥೆ ಹೇಳದೆ ಮುಂದೆ ಹೋಗುವಂತಿಲ್ಲ. ಡಾಕ್ಟರು ಕಾಯಲಿ, ನಾವು ಅವರ ದವಾಖಾನೆಯಲ್ಲಿ ಎಷ್ಟು ಕಾದಿಲ್ಲ.

ನಾನು ಸೇಡಮಿನಿಂದ ಸೊಸೆಯಾಗಿ ಬಂದದ್ದು ವಾಡಿಗೆ. ಗಂಡ ಸ್ಟೇಷನ್ನಿನ ಗೂಡ್ಸ್ ಆಫೀಸಿನಲ್ಲಿ ಕಾರಕೂನರು. ಮನೆಯಲ್ಲಿ ಅವರು, ನಾನು, ಅತ್ತೆ. ಅತ್ತೆಯ ತವರು ತೆಲುಗು ಗಡಿಗೆ ಹತ್ತಿದ ಚಿಂಚೋಳಿ ಕಡೆಯ ಐನಾಪುರ. ಹಾಗಾಗಿ ಸಿಟ್ಟು ಸಣ್ಣದಿದ್ದರೆ ಕನ್ನಡದಲ್ಲಿ, ದೊಡ್ಡದಿದ್ದರೆ ತೆಲುಗಿನಲ್ಲಿ ಬೈಯುತ್ತಿದ್ದರು. ತೆಲುಗು ಕಿವಿಗೆ ಬಿತ್ತೆಂದರೆ ನನ್ನ ಗಂಡ ಅಂಗಿ ತೊಟ್ಟುಕೊಂಡು, ಡ್ಯೂಟಿ ಇಲ್ಲದಿದ್ದರೂ ಸ್ಟೇಷನ್ನಿಗೆ ಹೋಗಿಬಿಡುತ್ತಿದ್ದರು.

ಅತ್ತೆಗೆ ಒಂದೇ ಒಂದು ಚಟ. ಅಮಾವಾಸ್ಯೆಗೊಮ್ಮೆ ಒಬ್ಬರೇ ಪ್ಯಾಸೆಂಜರ್ ಗಾಡಿ ಹತ್ತಿ ನಾಲವಾರದ ಮಠಕ್ಕೆ ಹೋಗಿ ಸಂಜೆಗೆ ಬರುವುದು. ಭಕ್ತಿ ಎಂದು ಊರೆಲ್ಲ ಹೊಗಳುತ್ತಿತ್ತು. ನಾನು ಕಂಡಂತೆ ಅರ್ಧ ಭಕ್ತಿ, ಇನ್ನರ್ಧ ಕಿಟಕಿ ಪಕ್ಕದ ಸೀಟು. ತಿಂಗಳಿಡೀ ಫರಶಿಕಲ್ಲಿನ ನೆಲ ಒರೆಸಿ, ರೊಟ್ಟಿ ಬಡಿದು, ಬಂದವರಿಗೆಲ್ಲ ಚಹಾ ಮಾಡಿಕೊಟ್ಟ ಹೆಂಗಸಿಗೆ, ಯಾರಿಗೂ ಏನೂ ಬಡಿಸಬೇಕಿಲ್ಲದ ದಿನ ಅದೊಂದೇ. ಆ ದಿನ ಬೆಳಿಗ್ಗೆ ಅವರು ತಲೆ ಬಾಚಿಕೊಳ್ಳುವ ಉಮೇದು ನೋಡಬೇಕಿತ್ತು.

ಒಂದು ಅಮಾವಾಸ್ಯೆ ಸಂಜೆ ಗಾಡಿ ಬಂತು, ಅತ್ತೆ ಇಳಿಯಲಿಲ್ಲ. ನನ್ನ ಗಂಡ ಕಿಟಕಿ ಕಿಟಕಿಗೂ ಇಣುಕುತ್ತ ಓಡುವಷ್ಟರಲ್ಲಿ ಗಾಡಿ ಹೊರಟೇಬಿಟ್ಟಿತು. ಮುಂದಿನ ಗಾಡಿ ಹಿಡಿದು, ವಾಡಿ ದಾಟಿದರೆ ಸಿಗುವ ಶಹಾಬಾದಿಗೆ ಹೋಗಿ ನೋಡಿದರೆ, ಅಮ್ಮ ಅಲ್ಲಿಯ ಕಲ್ಲುಬೆಂಚಿನ ಮೇಲೆ ಗಂಟು ತೊಡೆಯ ಮೇಲಿಟ್ಟುಕೊಂಡು ಕೂತು ಪೋರ್ಟರುಗಳನ್ನು ತರಾಟೆಗೆ ತೆಗೆದುಕೊಳ್ಳುತ್ತಿದ್ದರಂತೆ.

'ಇಲ್ಲಿ ವಾಡಿ ಅಂತ ಬೋರ್ಡ್ ಇತ್ತು. ಯಾರು ಬದಲಿ ಮಾಡೀರಿ? ನನ್ನ ಮಗ ಇದೇ ಸ್ಟೇಷನ್ನಾಗ ಕೆಲಸಕ್ಕಿದ್ದಾನ, ಕರೀರಿ ಅವನ್ನ!'

ಗಂಡ ಮನೆಗೆ ಬಂದು ಇದನ್ನು ನಗುತ್ತಲೇ ಹೇಳಿದರು. ನಾನೂ ನಕ್ಕೆ. ಊಟವಾದ ಮೇಲೆ ಅವರ ಮುಖ ಸಣ್ಣದಾಯಿತು. 'ಇನ್ನ ನಾಲವಾರ ಬಂದ್. ತಲಿ ಸರಿ ಇಲ್ಲದವರನ್ನ ಗಾಡ್ಯಾಗ ಒಬ್ಬರನ್ನೇ ಕಳಸ್ಲಿಕ್ಕ ಆಗಂಗಿಲ್ಲ' ಅಂದರು. ಅತ್ತೆ ತೆಲುಗಿಗೆ ಏರಿದರು. ಅಂದು ಗಂಡ ಅಂಗಿ ತೊಟ್ಟುಕೊಳ್ಳಲಿಲ್ಲ. ಆಗಲೇ ನನಗೆ ಮಾತು ಗಟ್ಟಿಯೆಂದು ತಿಳಿದದ್ದು.

ಆಮೇಲೆ ಓಣಿಯವರೆಲ್ಲ ಡಾಕ್ಟರಾದರು. ಮುದುಕಿಗೆ ಅರಳುಮರಳು ಹೌದೋ ಅಲ್ಲವೋ ಎಂದು ತಿಳಿಯಲು ಒಬ್ಬೊಬ್ಬರ ಹತ್ತಿರ ಒಂದೊಂದು ಉಪಾಯ. ಒಬ್ಬಾಕೆ ಬೇಕೆಂದೇ ತನ್ನ ಗಂಡನ ಹೆಸರು ತಪ್ಪಾಗಿ ಹೇಳಿ, ಅತ್ತೆ ತಿದ್ದುತ್ತಾರೋ ಎಂದು ನೋಡುತ್ತಿದ್ದಳು. 'ನಿನ್ನ ಗಂಡ ಯಾರಂತ ನಿನಗೇ ಗೊತ್ತಿಲ್ಲಂದ್ರ ನಾ ಏನ ಮಾಡ್ಲಿಬೇ?' ಎಂದು ಅತ್ತೆ ಕೇಳಿದ ಮೇಲೆ ಆಕೆ ಬರುವುದು ನಿಂತಿತು. ನಮ್ಮ ಮನೆಯ ಪರೀಕ್ಷೆ ಸಾರಿನದು. ಉಪ್ಪು ಎರಡು ಸಲ ಬಿದ್ದಿದ್ದರೆ ಅತ್ತೆಯ ತಲೆ ಕೆಟ್ಟಿದೆ. ಒಂದು ಸಲವೂ ಬೀಳದಿದ್ದರೆ ಸೊಸೆಗೆ ಲಕ್ಷ್ಯವಿಲ್ಲ. ಈ ಪರೀಕ್ಷೆಯಲ್ಲಿ ನಾನೇ ಹೆಚ್ಚು ಸಲ ನಪಾಸಾದೆ.

ಕಡೆಗೆ ಗಂಡ ಒಂದು ಮಾತಿಗೆ ಒಪ್ಪಿದರು. ಚಿತ್ತಾಪುರದಲ್ಲಿ ಮೈಸೂರು ಕಡೆಯ ಡಾಕ್ಟರೊಬ್ಬರು ಹೊಸದಾಗಿ ದವಾಖಾನೆ ಇಟ್ಟಿದ್ದರು. ಅವರು ನೋಡಿ, ತಲೆ ಸರಿ ಇದೆ ಅಂದರೆ ನಾಲವಾರ. ಇಲ್ಲ ಅಂದರೆ ಮನೆ. ಗಾಡಿಯಲ್ಲಿ ಹೋಗುವಾಗ ನಾನು ಅತ್ತೆಯ ಕಿವಿಯಲ್ಲಿ ತಿಂಗಳು, ವಾರ, ತಿಥಿ ಎಲ್ಲ ಊದಲು ನೋಡಿದೆ. ನನಗೂ ಅವರು ಗೆಲ್ಲಲಿ ಎಂಬ ಆಸೆ ಬಹಳವಿತ್ತು. 'ನನಗೇನ ಕಲಸ್ತಿ, ಸುಮ್ಮ ಕುಂದ್ರು' ಎಂದು ಗದರಿಸಿ ಕಿಟಕಿಯ ಕಡೆ ತಿರುಗಿದರು.

ಡಾಕ್ಟರು ಬಹಳ ಮರ್ಯಾದಸ್ಥರು. ಎದುರು ಕುರ್ಚಿ ಎಳೆದುಕೊಂಡು, 'ಅಮ್ಮ, ನಾನು ಮೂರು ಪದ ಹೇಳ್ತೀನಿ, ನೀವೂ ಹಾಗೇ ಹೇಳಬೇಕು. ಮೊದಲನೇದು, ಕೊಡೆ' ಎಂದರು.

ಅವರ ಕಡೆ ಛತ್ರಿಗೆ ಕೊಡೆ ಎನ್ನುತ್ತಾರೆಂದು ನಮ್ಮತ್ತೆಗೆ ಹೇಗೆ ತಿಳಿಯಬೇಕು? ಅವರಿಗೆ ಕೇಳಿಸಿದ್ದು 'ಕೊಡೇ' ಎಂದು.

'ಏನ್ ಕೊಡ್ಲಿ? ನಾ ಏನ್ ನಿನ್ನ ಹೇಣ್ತೇನು, ಕೊಡೇ ಅನ್ಲಿಕ್ಕ? ದೊಡ್ಡವರಿಗೆ ಕೊಡ್ರಿ ಅನ್ನಬೇಕು.'

'ಅಯ್ಯೋ, ಕೊಡ್ರಿ ಅಲ್ಲಮ್ಮ. ಕೊಡೆ, ಕೊಡೆ!'

'ನೋಡಪಾ, ಮತ್ತ ಅಂದ!' ಎಂದು ಅತ್ತೆ ಮಗನ ಕಡೆ ತಿರುಗಿದರು. ನನ್ನ ಗಂಡ ಎದ್ದು ನಿಂತು, ಇಲ್ಲದ ಛತ್ರಿ ಬಿಡಿಸಿ, ಇಲ್ಲದ ಮಳೆಯಲ್ಲಿ ನಾಲ್ಕು ಹೆಜ್ಜೆ ನಡೆದು ತೋರಿಸಿದರು. ಎಲ್ಲ ತಣ್ಣಗಾಗುವ ಹೊತ್ತಿಗೆ ಉಳಿದೆರಡು ಪದ ಡಾಕ್ಟರಿಗೇ ಮರೆತುಹೋಗಿದ್ದವು.

'ಹೋಗಲಿ ಬಿಡಿ. ಈಗ ಯಾವ ತಿಂಗಳು ಹೇಳಿ.'

'ಯಾವ ಲೆಕ್ಕದಾಗ ಹೇಳ್ಲಿ?' ಅಂದರು ಅತ್ತೆ. 'ಪಂಚಾಂಗದ ಲೆಕ್ಕದಾಗೋ, ಫಸಲಿ ಲೆಕ್ಕದಾಗೋ, ಇವನ ಪಗಾರದ ಲೆಕ್ಕದಾಗೋ?'

ನಮ್ಮ ಮಾವನವರು ನಿಜಾಮರ ಕಾಲದಲ್ಲಿ ಪಟವಾರಿಯ ಕೈಕೆಳಗೆ ಊರಿನ ಕಂದಾಯದ ಲೆಕ್ಕ ಬರೆಯುತ್ತಿದ್ದವರು. ಆಗ ಸರಕಾರದ ವರ್ಷವೇ ಬೇರೆ, ಫಸಲಿ ಎಂದು. ಅದರ ತಿಂಗಳ ಹೆಸರುಗಳೂ ಬೇರೆ. ಡಾಕ್ಟರು ಪಾಪ, 'ಫಸಲಿ ಅಂದ್ರೆ ಏನಮ್ಮ?' ಎಂದು ಕೇಳಿದರು. ಕೇಳಬಾರದಿತ್ತು. 'ಇಷ್ಟ ಓದಿ ಫಸಲಿ ಗೊತ್ತಿಲ್ಲೇನು?' ಎಂದು ಶುರುಮಾಡಿದ ಅತ್ತೆ, ಕಂದಾಯ, ಕುದುರೆ ಮೇಲೆ ಬರುತ್ತಿದ್ದ ತಹಶೀಲ್ದಾರ, ಅವನ ಮೀಸೆ ಎಲ್ಲವನ್ನೂ ಮುಟ್ಟಿ ಬಂದರು. ಹೊರಗೆ ಕಾಯುತ್ತಿದ್ದ ಜ್ವರದವರೆಲ್ಲ ಬಾಗಿಲಿಗೆ ಬಂದು ನಿಂತು ಕೇಳಿದರು.

'ಸರಿ, ನಾವು ಈಗ ಯಾವ ರಾಜ್ಯದಲ್ಲಿದ್ದೀವಿ?'

'ನಾ ಹುಟ್ಟಿದಾಗ ನಿಜಾಮನ ರಾಜ್ಯ ಇತ್ತು. ಆಮ್ಯಾಲ ಹೈದ್ರಾಬಾದ ಅಂದ್ರಿ. ಆಮ್ಯಾಲ ಮೈಸೂರು ಅಂದ್ರಿ. ಈಗ ಮತ್ತೇನೋ ಹೆಸರಿಟ್ಟೀರಂತ. ನಾ ಕುಂತಲ್ಲೇ ಕುಂತೀನಿ, ಹೆಸರ ಬದಲಿ ಮಾಡ್ಲಿಕತ್ತವರು ನೀವು. ತಲಿ ಯಾರದು ನೋಡಬೇಕೀಗ?'

ರಾಜ್ಯಕ್ಕೆ ಕರ್ನಾಟಕವೆಂದು ಹೆಸರಿಟ್ಟ ಹೊಸತು ಅದು. ಬಾಗಿಲಲ್ಲಿ ನಿಂತವರು ನಕ್ಕರು. ಡಾಕ್ಟರೂ ನಕ್ಕು, ಕಡೆಯದೆಂಬಂತೆ ಕೇಳಿದರು: 'ನೂರು ರೂಪಾಯಲ್ಲಿ ಏಳು ಕಳೆದರೆ ಎಷ್ಟಮ್ಮ ಉಳಿಯುತ್ತೆ?'

'ಏಳ್ಯಾಕ ಕಳದ್ರಿ? ಕಿಸೆ ಹರದದೇನು? ಹೇಣ್ತಿಗೆ ಹೊಲಿಲಿಕ್ಕ ಹೇಳಬಾರದಾ?'

ಡಾಕ್ಟರು ಕಣ್ಣೊರೆಸಿಕೊಂಡರು. ನನ್ನ ಗಂಡನ ಭುಜ ತಟ್ಟಿ, 'ನಿಮ್ಮ ತಾಯಿಯವರ ತಲೆ ನನ್ನದಕ್ಕಿಂತ ಚೆನ್ನಾಗಿದೆ ಕಣ್ರೀ. ಎಲ್ಲಿಗೆ ಬೇಕಾದರೂ ಕಳಿಸಿ' ಅಂದರು. ಅತ್ತೆ ಸೆರಗು ಸರಿಮಾಡಿಕೊಂಡು, ಮದುವೆ ಮಾತುಕತೆ ಮುಗಿಸಿದವರಂತೆ ಹೊರಗೆ ಬಂದರು.

ತಿರುಗಿ ಬರುವಾಗ ಗಂಡ ಗಾರ್ಡಿನ ಜೊತೆ ಮಾತಿಗೆ ಹೋಗಿದ್ದರು. ನಾನು ಗೆದ್ದ ಖುಷಿಯಲ್ಲಿ ಅತ್ತೆಯ ಪಕ್ಕಕ್ಕೆ ಸರಿದು, 'ಭಾರಿ ಆಡಿಸಿದ್ರಿ ಬಿಡ್ರಿ ಅವರನ್ನ. ಈಗ ಖರೇ ಹೇಳ್ರಿ, ಯಾವ ತಿಂಗಳು?' ಎಂದು ಕೇಳಿದೆ. ಅತ್ತೆ ಕಿಟಕಿಯಿಂದ ಮುಖ ತಿರುಗಿಸಲಿಲ್ಲ. ಆಗ ನನಗೆ ಹೊಳೆಯಿತು: ಅಷ್ಟೊಂದು ಮಾತಾಡಿದವರು ಒಂದು ಪ್ರಶ್ನೆಗೂ ಉತ್ತರ ಹೇಳಿರಲಿಲ್ಲ.

'ಒಂದೂ ಬರಲಿಲ್ಲಬೇ ನನಗ' ಅಂದರು ಮೆಲ್ಲಗೆ. 'ಬರಂಗಿಲ್ಲ ಅಂದ್ರ ನಿನ್ನ ಗಂಡ ಮನ್ಯಾಗ ಕುಂದ್ರಸ್ತಾನ. ಅದಕ್ಕ ಆ ಡಾಕ್ಟರಗೇ ತಿರುಗಿ ಕೇಳಕೋತ ಹ್ವಾದೆ.' ಆಮೇಲೆ ನನ್ನ ಕೈ ಹಿಡಿದುಕೊಂಡು, 'ವಾಡಿ ಬಂದ್ರ ಹೇಳು' ಅಂದರು.

ಅವರು ಹುಟ್ಟಿದಾಗಿನಿಂದ ಯಾರಿಗೂ ಏನನ್ನೂ ಹೀಗೆ ಕೇಳಿದವರಲ್ಲ. ನನಗೆ ಅಳು ಬಂತು. ಇಂಜಿನ್ನಿನ ಕಿಡಿ ಕಣ್ಣಿಗೆ ಬಿತ್ತು ಎಂದು ಸೆರಗು ಹಿಡಿದೆ.

ಮುಂದಿನ ಅಮಾವಾಸ್ಯೆಗೆ ನನಗೂ ಇದ್ದಕ್ಕಿದ್ದ ಹಾಗೆ ಭಕ್ತಿ ಹುಟ್ಟಿತು. ದೇವರ ಮುಂದೆ ದೀಪ ಹಚ್ಚುವುದಕ್ಕೇ ಆಲಸ್ಯ ಮಾಡುವವಳಿಗೆ ಏನಾಯಿತೆಂದು ಗಂಡ ಬೆರಗಾದರು. ಇಂಥ ಸೊಸೆ ಸಿಗಬೇಕಾದರೆ ಪುಣ್ಯ ಮಾಡಿರಬೇಕೆಂದು ಓಣಿ ಮಾತಾಡಿತು. ನಾನು ಹೊಗಳಿಕೆಯನ್ನೂ ನಾಲವಾರದ ಬಿಸಿ ಭಜಿಯನ್ನೂ ಸಂಕೋಚವಿಲ್ಲದೆ ತೆಗೆದುಕೊಂಡೆ. ಎಷ್ಟೋ ವರ್ಷ ಹೀಗೇ ನಡೆಯಿತು. ವಾಡಿ ಬಂದಾಗ ನಾನು ಹೇಳುತ್ತಿದ್ದೆ, 'ನನಗೇನ ಹೇಳ್ತಿ, ಗೊತ್ತದ' ಎಂದು ಗದರಿಸಿ ಅವರು ಇಳಿಯುತ್ತಿದ್ದರು.

ಕಡೆಕಡೆಗೆ ನಾನು ಯಾರೆಂಬುದೂ ಅವರಿಗೆ ಮರೆಯತೊಡಗಿತು. ಒಂದು ಸಲ ಗಾಡಿಯಲ್ಲಿ ನನ್ನನ್ನು ಅಕ್ಕರೆಯಿಂದ ನೋಡಿ, 'ಯಾರ ಮನಿ ಸೊಸಿಬೇ ನೀ? ಅತ್ತಿ ಹ್ಯಾಂಗಿದ್ದಾಳ, ಕಾಡ್ತಾಳೇನು?' ಎಂದು ಕೇಳಿದರು. ಇಂಥ ಅವಕಾಶ ಯಾವ ಸೊಸೆಗೆ ಸಿಕ್ಕೀತು ಹೇಳಿ. 'ಭಾಳ ಕಾಡ್ತಾಳ್ರಿ' ಎಂದೆ. ಉಪ್ಪಿನ ಕಥೆಯನ್ನೂ ತೆಲುಗಿನ ಕಥೆಯನ್ನೂ ಹೇಳಿಕೊಂಡೆ. ಅವರು ನನ್ನ ತಲೆ ಸವರಿ, 'ತಾಳ್ಕೋ ಮಗಳ. ಅಂಥಾಕಿ ಭಾಳ ದಿನ ಇರಂಗಿಲ್ಲ' ಎಂದು ಸಮಾಧಾನ ಮಾಡಿದರು. ಮುಂದಿನ ಸುಗ್ಗಿಯ ಹೊತ್ತಿಗೆ ಅವರ ಮಾತು ನಿಜವಾಯಿತು. ಅವರು ಹೋದ ಮೇಲೆ ನಾನು ನಾಲವಾರಕ್ಕೆ ಹೋಗಿಲ್ಲ, ಹೋಗಲು ಮನಸ್ಸಾಗಿಲ್ಲ.

ಇತ್ತ ಕಲಬುರಗಿಯ ಡಾಕ್ಟರು ಇನ್ನೂ ಕಾಯುತ್ತಿದ್ದರು. 'ಯಾವ ಲೆಕ್ಕದಾಗ ಹೇಳ್ಲಿ?' ಎಂದೇಬಿಟ್ಟೆ. ಅವರು ಜೋರಾಗಿ ನಕ್ಕರು. ಪಕ್ಕದಲ್ಲಿದ್ದ ಸೊಸೆ ನಗಲಿಲ್ಲ. ಆಕೆ ನೋಡಿದ ನೋಟ ನನಗೆ ಗೊತ್ತಿತ್ತು. ಚಿತ್ತಾಪುರದಿಂದ ಬರುವ ಗಾಡಿಯಲ್ಲಿ ನಾನು ಅತ್ತೆಯನ್ನು ನೋಡಿದ್ದೂ ಹಾಗೆಯೇ. ಡಾಕ್ಟರನ್ನು ಆಡಿಸಬಹುದು, ಸೊಸೆಯನ್ನು ಆಡಿಸುವುದು ಕಷ್ಟ. 'ಆ ಮೂರು ಮಾತು ಹೇಳ್ರಿ ಅಜ್ಜಿ' ಎಂದು ಡಾಕ್ಟರು ಕೇಳಿದಾಗ ತಮಾಷೆಯ ನಾಲ್ಕು ಉತ್ತರ ನನ್ನ ಹತ್ತಿರ ಸಿದ್ಧವಿದ್ದವು. ಅವನ್ನೆಲ್ಲ ನುಂಗಿಕೊಂಡು, 'ಏಣಿ, ಹುಣಸೆಹಣ್ಣು. ಇನ್ನೊಂದು ಬರವಲ್ದರಿ' ಅಂದೆ. ಅಷ್ಟು ಹೇಳುವುದಕ್ಕೆ ನನಗೆ ಭಯವಾಯಿತು.

ಆಟೋದಲ್ಲಿ ಕೂತಾಗ ಸೊಸೆಯ ಕೈ ಹಿಡಿದು, 'ವಾಡಿ ಬಂದ್ರ ಹೇಳವ್ವ' ಎಂದೆ. ಆಕೆಯ ಮುಖ ಬಿಳಿಚಿತು. 'ಅತ್ತಿ, ನಾವು ಕಲಬುರಗ್ಯಾಗ ಇದ್ದೀವ್ರಿ. ವಾಡಿ ಯಾಕ ಬರ್ತದ?' ನನಗೆ ನಗು ತಡೆಯಲಾಗಲಿಲ್ಲ. ನಕ್ಕಷ್ಟೂ ಆಕೆಗೆ ಗಾಬರಿ ಹೆಚ್ಚಾಯಿತು. ಕೊನೆಗೆ ನಿಮಗೆ ಹೇಳಿದ್ದನ್ನೆಲ್ಲ ಆಕೆಗೂ ಹೇಳಬೇಕಾಯಿತು.

ಆಟೋ ಮನೆ ಹತ್ತಿರ ಬಂತು. ಆಕೆ ನನ್ನ ಮೂಗಿನ ಮೇಲಿನ ಚಸ್ಮಾ ತೆಗೆದು, ಸೆರಗಿನಿಂದ ಎರಡೂ ಗಾಜು ಒರೆಸಿ, ತಿರುಗಿ ನನಗೆ ಹಾಕಿದಳು.

'ಮೂರನೇದು ಇದರಿ ಅತ್ತಿ. ವಾಡಿ ಬಂದ್ರ ನಾ ಹೇಳ್ತೀನಿ, ನೀವು ಸುಮ್ಮ ಕುಂದ್ರಿ.'

ನಾನು ಸುಮ್ಮನೆ ಕುಳಿತೆ.