ಮಸಿ ಆರುವ ತನಕ ಯಾರೂ ನಡೆಯಬೇಡಿ

ನಮ್ಮೂರು ಮಸಿಕೊಲ್ಲಿ ಎಂದರೆ ಭಾಗಮಂಡಲದ ಬಸ್ಸಿನವರೇ ಮುಖ ಮುಖ ನೋಡಿಕೊಳ್ಳುತ್ತಾರೆ. ಮೊಬೈಲಿನಲ್ಲಿ ಹುಡುಕಿದರೆ ಬರೀ ಕಾಡು ಕಾಣುತ್ತದೆ. ಕಾಣದಿದ್ದರೇ ಒಳ್ಳೆಯದು, ಬಿಡಿ. ನಮ್ಮೂರಿಗೆ ಇರುವುದು ಒಂದೇ ನಕ್ಷೆ. ಅದು ನಮ್ಮ ಮನೆಯ ಒಳಕೋಣೆಯಲ್ಲಿ, ಮೇಜಿನ ಮೇಲೆ ಇದೆ. ಅದರಲ್ಲಿ ಗೆರೆ ಎಲ್ಲಿದೆಯೋ ಅಲ್ಲೇ ದಾರಿ, ಚೌಕ ಎಲ್ಲಿದೆಯೋ ಅಲ್ಲೇ ಮನೆ. ಮಳೆಗಾಲದ ತೇವಕ್ಕೆ ಮಸಿ ಹರಡಿತೆಂದರೆ ದಾರಿಯೂ ಸರಿಯುತ್ತದೆ, ಗದ್ದೆಯ ಬದುವೂ ಸರಿಯುತ್ತದೆ. ಆಗ ಯಾರಾದರೂ ಕೂತು ಗೆರೆಗಳನ್ನು ತಿದ್ದಬೇಕು. ಆ ಕೆಲಸ ಬಿದ್ದಿರುವುದು ನಮ್ಮ ಯಮುನ ಅತ್ತಿಗೆಯ ತಲೆಗೆ. ನನ್ನ ಅಣ್ಣ ತೀರ್ಥಪ್ರಸಾದನ ಹೆಂಡತಿ ಅವಳು.

ಅತ್ತಿಗೆ ಜಿಗಣೆ ಕಂಡರೂ ಕಿರುಚುವ ಹೆಂಗಸು. ಅಮ್ಮನ ಕೈ ನಡುಗಲು ಶುರುವಾಗಿ ಲೇಖನಿ ಅವಳ ಕೈಗೆ ಬಂದ ದಿನ ಅವಳು ಊಟಕ್ಕೇ ಕೂರಲಿಲ್ಲ. ಅಳಲೆಕಾಯಿ ಜಜ್ಜಿ, ತುಕ್ಕು ಹಿಡಿದ ಮೊಳೆಗಳ ಜೊತೆ ಕುದಿಸಿ, ಸೋಸಿ ಮಸಿ ಮಾಡುತ್ತಾಳೆ. ಅಷ್ಟು ಹೊತ್ತೂ ಏನೋ ಗೊಣಗುತ್ತಿರುತ್ತಾಳೆ. ಒಮ್ಮೆ ತಿದ್ದುವಾಗ ಸೀನಿಬಿಟ್ಟಳು. ಹಾರಿದ ಮಸಿಯ ಹನಿಯೆಲ್ಲ ನೆರೆಮನೆಯ ಜವರನ ಅಂಗಳದಲ್ಲಿ ಬಾವಿಗಳಾಗಿ, ಅವನ ಕರು ಒಳಗೆ ಬಿತ್ತು. ಅಂದಿನಿಂದ ಮೂಗಿಗೆ ಬಟ್ಟೆ ಕಟ್ಟದೆ ನಕ್ಷೆಯ ಹತ್ತಿರ ಹೋಗುವುದಿಲ್ಲ. ನಾನು ಆಗ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆ.

ದಾರಿಯ ಗೆರೆ ತಿದ್ದುವುದು ಎಲ್ಲಕ್ಕಿಂತ ಭಯದ ಕೆಲಸ. ಗೆರೆ ಹಸಿಯಾಗಿರುವಷ್ಟು ಹೊತ್ತು ಆ ದಾರಿ ದಾರಿಯಲ್ಲ, ಬರೀ ಮಸಿ. ಅದಕ್ಕೇ ನಮ್ಮಲ್ಲೊಂದು ಪದ್ಧತಿ. ಅತ್ತಿಗೆ ಅಂಗಳಕ್ಕೆ ಬಂದು ಕೂ ಎಂದು ಉದ್ದಕ್ಕೆ ಕೂಗು ಹಾಕುತ್ತಾಳೆ. ಮನೆಯವರೆಲ್ಲ ಒಳಗಿದ್ದರೆ ಆ ಮನೆಯಿಂದ ಮರುಕೂಗು ಬರಬೇಕು. ಎಲ್ಲ ಮನೆಗಳಿಂದ ಬಂದ ಮೇಲೆ ಮಾತ್ರ ಅವಳು ಲೇಖನಿ ಅದ್ದುವುದು. ಪದ್ಧತಿಯೇನೋ ಚೆನ್ನಾಗಿದೆ, ಪಾಲಿಸುವವರು ನಾವಲ್ಲವೇ! ದಾರಿಯಲ್ಲಿದ್ದವರಿಗೆ ಕೂಗು ಕೇಳಿದರೆ, ಇನ್ನೇನು ಮನೆ ಬಂತಲ್ಲ ಎಂದು ಅಲ್ಲಿಂದಲೇ ಮರುಕೂಗು ಕೊಟ್ಟು ಬಿರಬಿರನೆ ನಡೆಯುತ್ತಾರೆ. ಊರಲ್ಲಿ ಹಾಗೆ ಮಾಡದವರು ಯಾರೂ ಇಲ್ಲ.

ಜಡಿಮಳೆಯ ಕಕ್ಕಡ ತಿಂಗಳ ಒಂದು ಮಧ್ಯಾಹ್ನ ಮಳೆ ಸ್ವಲ್ಪ ಬಿಡುವು ಕೊಟ್ಟಿತ್ತು. ಮೋರಿಯಿಂದ ನಮ್ಮ ಮನೆಗೆ ಬರುವ ಗೆರೆ ತೊರೆ ಹರಿಯುವ ಕೊಲ್ಲಿಯ ಕಡೆಗೆ ಹರಡಿಕೊಂಡಿತ್ತು. ಅತ್ತಿಗೆ ಕೂಗಿದಳು. ಎಲ್ಲ ಕಡೆಯಿಂದ ಮರುಕೂಗು ಬಂತು. ನಮ್ಮ ಮನೆಯದು ಅಣ್ಣನ ದನಿಯಲ್ಲೇ ಬಂತು. ಅವಳು ಹೋಗಿ ಗೆರೆ ಎಳೆದಳು. ನಾನು ಕಾಫಿ ತಂದಿಟ್ಟು, "ಅಣ್ಣ ಎಲ್ಲಿ? ಅಂಗಡಿಗೆ ಹೋದವ ಬಂದನಾ?" ಎಂದೆ.

"ಕೂಗಿದರಲ್ಲ ದಿವ್ಯಾ, ಹಿತ್ತಲಲ್ಲಿ ಇರೊಕು."

ಹಿತ್ತಲಲ್ಲಿ ಕೋಳಿಗಳು ಬಿಟ್ಟರೆ ಯಾರೂ ಇರಲಿಲ್ಲ. ಅಷ್ಟರಲ್ಲಿ ಮತ್ತೆ ಕೂಗು ಕೇಳಿತು. ಅದು ಮರುಕೂಗಲ್ಲ, ಮನುಷ್ಯ ಜೀವ ಬಿಡುವಾಗ ಕೂಗುವ ಕೂಗು.

ಅಂಗಳಕ್ಕೆ ಓಡಿದೆ. ದಾರಿ ಇದ್ದ ಜಾಗದಲ್ಲಿ ಕರಿಮಸಿ ಹೊಳೆಯುತ್ತಾ ಮೆಲ್ಲಗೆ ಅಲುಗುತ್ತಿತ್ತು. ಅದರ ನಡುವೆ ಅಣ್ಣ ಸೊಂಟದವರೆಗೆ ಹೂತುಹೋಗಿ, ಉಪ್ಪು ಬೆಲ್ಲದ ಚೀಲವನ್ನು ತಲೆಯ ಮೇಲೆ ಎತ್ತಿ ಹಿಡಿದಿದ್ದ. ಪ್ರಾಣ ಹೋಗುವಾಗಲೂ ಬೆಲ್ಲದ ಚಿಂತೆ! ಅಣ್ಣ ಗೆರೆಯ ಮೇಲೇ ಇದ್ದಾನೆಂದು ಒಳಕೋಣೆಯ ಕಡೆ ತಿರುಗಿ ಕೂಗಿದೆ.

"ಅತ್ತಿಗೆ, ಅಣ್ಣ ಗೆರೆ ಮೇಲೆ ಒಳ!"

ಗೆರೆ ಒರೆಸುವ ಹಾಗಿಲ್ಲ. ಒರೆಸಿದರೆ ಅದರ ಮೇಲೆ ಇದ್ದವರೂ ಒರೆಸಿಹೋಗುತ್ತಾರೆ. ಆರುವ ತನಕ ಕಾದರೆ ಅಣ್ಣ ಇರುವುದಿಲ್ಲ. ಒಳಗಿನಿಂದ ಅತ್ತಿಗೆ ಅರಚಿದಳು, "ಎಲ್ಲಿ ಒಳ? ಸರಿಯಾಗಿ ಹೇಳ್!"

"ಹಲಸಿನ ಮರದ ಎದುರು! ಬೇಗ, ಎದೆ ತನಕ ಬಂತು!"

ನನ್ನ ಕಣ್ಣೆದುರೇ ಮಸಿಯೊಳಗಿಂದ ಗೋಡೆ ಎದ್ದಿತು. ಒಂದು, ಮತ್ತೊಂದು, ನಾಲ್ಕೂ ಕಡೆ. ಅಣ್ಣನ ಸುತ್ತ ಅತ್ತಿಗೆ ಮನೆ ಬರೆದಿದ್ದಳು. ಮನೆಯೆಂದರೆ ನೆಲ ಇರಲೇಬೇಕಲ್ಲ, ಅವನ ಕಾಲಿಗೆ ನೆಲ ಸಿಕ್ಕಿತು. ಬದುಕಿದೆಯಾ ಬಡಜೀವವೇ ಎಂದೆ. ಆಮೇಲೆ ನೋಡುತ್ತೇನೆ, ಆ ಮನೆಗೆ ಮಾಡು ಇದೆ, ಬಾಗಿಲಿಲ್ಲ. ಗಾಬರಿಯಲ್ಲಿ ಚೌಕವನ್ನು ಪೂರ್ತಿ ಮುಚ್ಚಿಬಿಟ್ಟಿದ್ದಳು.

ಮಸಿ ಆರಿದ ಮೇಲೆ ಊರೆಲ್ಲ ಬಂದು ಗೋಡೆಗೆ ಕಿವಿಯಿಟ್ಟರು. ಒಳಗಿನಿಂದ ಅಣ್ಣನ ದನಿ, "ಯಮುನಾ, ಇಲ್ಲಿ ಗಾಳಿನೇ ಇಲ್ಲೆ." ಜವರ ಹಾರೆ ತಂದು ಹೊಡೆದ, ಗೋಡೆಗೆ ಗೀರೂ ಬೀಳಲಿಲ್ಲ. ಬ್ಲೇಡಿನಿಂದ ನಕ್ಷೆಯಲ್ಲೇ ಗೆರೆ ಕೆರೆದು ಬಾಗಿಲು ತೆಗೆಯಬೇಕಿತ್ತು. ಆದರೆ ತಲೆತಲಾಂತರದಿಂದ ಕೆರೆದು ಕೆರೆದು ಆ ಕಾಗದ ಈರುಳ್ಳಿ ಸಿಪ್ಪೆಯಷ್ಟು ತೆಳ್ಳಗಾಗಿದೆ. ಅಜ್ಜಿಯ ಕಾಲದಲ್ಲಿ ಹರಿದ ಒಂದು ಜಾಗ ಮೇಲಿನ ಗದ್ದೆಯಲ್ಲಿದೆ, ಅಲ್ಲಿಗೆ ಕಲ್ಲು ಎಸೆದರೆ ಬಿದ್ದ ಸದ್ದು ಬರುವುದಿಲ್ಲ.

ಬೋಜಪ್ಪ ದೊಡ್ಡಪ್ಪ ತಲೆ ಅಲ್ಲಾಡಿಸಿದರು. "ಹರಿದರೆ ಅವನೂ ಹೋದ, ದಾರಿಯೂ ಹೋತ್. ಮುಂದಿನ ಮಳೆಗೆ ಮಸಿ ತಾನೇ ಬಿಡ್ತದೆ, ಕಾಯೊಣ."

"ಮುಂದಿನ ಮಳೆ ತನಕ ನೀವು ಉಸಿರು ಕಟ್ಟಿ ಕೂರ್ತೀರಾ ದೊಡ್ಡಪ್ಪ?" ಎಂದಳು ಅತ್ತಿಗೆ. ಹಿರಿಯರ ಎದುರು ಅವಳ ಬಾಯಿಂದ ಅಂಥ ಮಾತು ಬಂದದ್ದನ್ನು ನಾನು ಕೇಳಿದ್ದು ಅದೇ ಮೊದಲು.

ಅಣ್ಣನ ಶೇವಿಂಗ್ ಬ್ಲೇಡನ್ನು ತಂದಳು. ನಾನು ನಮ್ಮ ಮನೆಯ ಬಾಗಿಲಲ್ಲಿ ನಿಂತು ಒಮ್ಮೆ ಅವಳನ್ನು, ಒಮ್ಮೆ ಆ ಮನೆಯನ್ನು ನೋಡುತ್ತಿದ್ದೆ. ಒಂದೊಂದು ಸಲ ಬ್ಲೇಡು ಎಳೆದಾಗಲೂ ಗೋಡೆಯಿಂದ ಕರಿ ಹುಡಿ ಉದುರುತ್ತಿತ್ತು. ಒಳಗಿನ ದನಿ ಕೇಳುವುದು ನಿಂತುಹೋಗಿತ್ತು. ಬಾಗಿಲಿನಷ್ಟು ಜಾಗ ತೆರೆದದ್ದೇ ಅತ್ತಿಗೆ "ಅಯ್ಯೋ ಶಿವನೇ" ಅಂದಳು. ಹೊಸ್ತಿಲಿನ ಜಾಗದಲ್ಲಿ ಕಾಗದ ತೂತಾಗಿತ್ತು.

ಹೊರಗೆ ಓಡಿ ನೋಡಿದರೆ ಆ ಮನೆಯ ಹೊಸ್ತಿಲಲ್ಲಿ ನೆಲವೇ ಇರಲಿಲ್ಲ. ಅಣ್ಣ ಆಚೆ ಗೋಡೆ ಹಿಡಿದು ನಿಂತಿದ್ದ. "ಹಾರು ಮಾರಾಯ, ಚೀಲ ಬಿಸಾಡಿ ಹಾರು!" ಎಂದು ನಾನು ಬೊಬ್ಬೆ ಹೊಡೆದೆ. ಚೀಲ ಆ ತೂತಿಗೆ ಬಿತ್ತು, ಸದ್ದೇ ಬರಲಿಲ್ಲ. ಅವನು ಹಾರಿದ. ಜವರ ಅವನ ತೋಳು ಹಿಡಿದು ಈಚೆಗೆ ಎಳೆದುಕೊಂಡ. ಅತ್ತಿಗೆ ಓಡಿಬಂದವಳೇ ಗಂಡನ ಬೆನ್ನಿಗೆ ಎರಡು ಗುದ್ದಿ, ಗೋಳೋ ಎಂದು ಅತ್ತಳು.

ಆ ಮನೆ ಇವತ್ತಿಗೂ ದಾರಿಯ ನಡುವೆ ಇದೆ, ನಾವು ಸುತ್ತಿ ಬಳಸಿ ಹೋಗುತ್ತೇವೆ. ಗೆರೆ ತಿದ್ದುವುದು ಈಗಲೂ ಅತ್ತಿಗೆಯೇ, ಬೇರೆ ಯಾರು ಮಾಡುತ್ತಾರೆ? ಮರುಕೂಗು ಬಂದ ಮೇಲೂ ನಾನು ಮನೆ ಮನೆಗೆ ಹೋಗಿ ತಲೆ ನೋಡಿ ಬರಬೇಕು. ಅಣ್ಣನಂತೂ ಮೇಜಿನ ಕೆಳಗೇ ಕೂರಬೇಕು. ಈ ಸಲ ಲೇಖನಿ ಅದ್ದುವ ಮೊದಲು ಅವಳು, "ಕೇಳ್ತಾ, ಒಳರಾ?" ಎಂದಳು.

"ಇಲ್ಲೇ ಒಳೆ ಮಾರಾಯ್ತಿ," ಎಂದ ಅಣ್ಣ.

ಅವಳು ಲೇಖನಿ ಕೆಳಗಿಟ್ಟು, ಬಗ್ಗಿ, ಅವನ ಪಾದವನ್ನು ಕೈಯಿಂದ ಮುಟ್ಟಿ ನೋಡಿದಳು.