ನಾನು ಹುಟ್ಟಿಸಿದ ಮುಸುಕರಸರು

ದುರ್ಗದ ಬಂಡೆಗಳ ಸಂದಿಯಲ್ಲಿ ಮುಸುಕರಸರು ಇಲ್ಲ, ಮಕ್ಕಳೇ. ಯಾವತ್ತೂ ಇರಲಿಲ್ಲ. ಅವರನ್ನು ಹುಟ್ಟಿಸಿದವಳು ನಾನು — ಒಂದು ಬಟ್ಟಲು ಮೀಸಲು ತುಪ್ಪ ಕದ್ದು ತಿಂದು.

ನಾನು ಏಳನೇ ಕ್ಲಾಸಿನವರೆಗೆ ಓದಿದವಳು. ಮೇಷ್ಟ್ರು ಹಾಜರಿ ಕೂಗಿದರೆ ನನ್ನ ಬದಲು ಪಕ್ಕದವಳು ಕೈ ಎತ್ತುತ್ತಿದ್ದಳು, ಅಷ್ಟು ನಾಚಿಕೆ. ಬಾಯಲ್ಲಿ ಹೇಳಲಾಗದ್ದನ್ನು ಅದಕ್ಕೇ ಬರೆಯುತ್ತಿದ್ದೇನೆ. ಹೋದ ವಾರ ಸಾಕಜ್ಜಿ ನಮ್ಮ ಮೊಮ್ಮಗಳು ಪವಿಯ ಬಾಯಿಗೆ ಕೈ ಅಡ್ಡ ಇಟ್ಟು, "ಹಂಗ್ ನಗಬ್ಯಾಡ ಕಣೆ, ಅವ್ರು ಬರ್ತಾರೆ" ಅಂದರು. ಪವಿ ನಗು ನುಂಗಿಕೊಂಡಳು. ಅದನ್ನು ನೋಡಿದ ಮೇಲೆ ನನಗೆ ಅನ್ನ ಇಳಿಯಲಿಲ್ಲ.

ನಾನು ಮದಕರಿಪುರದಿಂದ ಮತ್ತೋಡಿಗೆ ಸೊಸೆಯಾಗಿ ಬಂದು ಆಗ ಎಂಟು ತಿಂಗಳು. ಎಮ್ಮೆ ಕರು ಹಾಕಿತ್ತು. ಮೊದಲ ಬೆಣ್ಣೆ ಕಾಸಿದ ತುಪ್ಪ ಮನೆದೇವರಿಗೆ ಮೀಸಲು. ದೇವರಿಗೆ ಎಡೆ ಇಡುವ ಮೊದಲು ಮನೆಯವರು ಅದಕ್ಕೆ ಬೆರಳು ಕೂಡ ತಾಗಿಸಬಾರದು. ಮಧ್ಯಾಹ್ನ ಎಲ್ಲರೂ ಹೊಲದಲ್ಲಿದ್ದರು. ಒಲೆಯ ಮೇಲೆ ರೊಟ್ಟಿ ಉಬ್ಬುತ್ತಿತ್ತು. ಆ ವಾಸನೆ — ಬಸುರಿಯ ಬಯಕೆ ಎಂದು ಹೇಳಿಬಿಡಬಹುದಿತ್ತು. ಆದರೆ ನಾನು ಬಸುರಿಯಾಗಿರಲಿಲ್ಲ. ಬರೀ ಆಸೆ. ಮೂರು ರೊಟ್ಟಿ ತಿಂದೆ, ಬಟ್ಟಲು ಬಳಿದೆ. ಆಮೇಲೆ ಅಚ್ಚುಕಟ್ಟಾಗಿ ಮುಚ್ಚಳ ಮುಚ್ಚಿಟ್ಟೆ.

ಆ ಮುಚ್ಚಳವೇ ನನ್ನನ್ನು ಕೆಡಿಸಿತು.

"ಬೆಕ್ಕು ತಿಂದಿದ್ರೆ ಮುಚ್ಚಳ ಮುಚ್ಚಿಟ್ಟು ಹೋಗ್ತಿತ್ತೇನ್ರೇ?" ಎಂದರು ಅತ್ತೆ. "ದೇವ್ರ ದೀಪ ಮುಟ್ಟಿ ಆಣೆ ಮಾಡ್ರಿ. ಮೊದ್ಲು ದೊಡ್ಡಾಕಿ ಬಾ."

ದೊಡ್ಡಾಕಿ ಎಂದರೆ ನನ್ನ ಓರಗಿತ್ತಿ, ನಿಮ್ಮ ಸಾಕಜ್ಜಿ. ನನಗೆ ಸಾಕಕ್ಕ. ಅವರ ನಗು ನೀವು ಕೇಳಿಲ್ಲ. ಮನೆಯೊಳಗೆ ನಕ್ಕರೆ ಕೊಟ್ಟಿಗೆಯ ಎಮ್ಮೆ ಕಿವಿ ನಿಮಿರಿಸುತ್ತಿತ್ತು. ಅವತ್ತೂ ನಕ್ಕರು. "ನಾನ್ ತಿಂದಿದ್ರೆ ಬೆರಳು ನೆಕ್ಕೋ ಸದ್ದು ಹೊಸದುರ್ಗಕ್ಕೇ ಕೇಳ್ತಿತ್ತು ಬಿಡ್ರಿ ಅತ್ತೆ" ಎನ್ನುತ್ತಾ ದೀಪ ಮುಟ್ಟಿದರು.

ಮುಂದಿನ ಸರದಿ ನನ್ನದು. ಸುಳ್ಳು ಆಣೆ ಮಾಡಿದರೆ ಕೈ ಸೇದಿಹೋಗುತ್ತದೆ ಎಂದು ನಂಬಿದ್ದವಳು ನಾನು. ನಿಜ ಹೇಳಿದರೆ ತವರಿಗೆ ಕಳಿಸುತ್ತಾರೆ. ಎಂಟು ತಿಂಗಳಲ್ಲಿ ಎಂಟು ಮಾತೂ ಆಡದಿದ್ದ ನನ್ನ ಬಾಯಿಂದ ಆಗ ಮಾತು ಹೊರಟಿತು — ಎಲ್ಲಿಂದ ಬಂತೋ —

"ಅತ್ತೇ, ಇದು ಮುಸುಕರಸ್ರ ಕೆಲ್ಸ ಇರ್ಬೋದು."

"ಯಾರೇ ಅವ್ರು?"

ಹೇಳಿದೆ. ನಮ್ಮ ದುರ್ಗದ ಕಡೆ ಅವರು ಎಲ್ಲರಿಗೂ ಗೊತ್ತು ಎಂದೆ. ರಾಜ್ಯ ಹೋದ ದಿನ ಅರಮನೆಯ ಕೆಲವರು ಅವಮಾನಕ್ಕೆ ಕಂಬಳಿ ಮುಸುಕು ಹಾಕಿಕೊಂಡು ಬಂಡೆಯ ಸಂದಿ ಸೇರಿದರು. ನಾಚಿಕೆಯಿಂದ ವರ್ಷಕ್ಕೊಂದು ಬೆರಳಷ್ಟು ಕುಗ್ಗುತ್ತಾ ಈಗ ಮೊಣಕಾಲೆತ್ತರ ಇದ್ದಾರೆ. ಕಿರೀಟ ತಲೆಗೆ ದೊಡ್ಡದಾಗಿ, ಅದರೊಳಗೇ ಕೂತು ಉಣ್ಣುತ್ತಾರೆ ಎಂದೆ. ಮುಚ್ಚಳ ಮುಚ್ಚಿದ್ದಕ್ಕೂ ಕಾರಣ ಕೊಟ್ಟೆ — ಅರಸರಲ್ಲವೇ, ಮರ್ಯಾದೆ ಬಿಡುವುದಿಲ್ಲ.

"ಅರಸ್ರಾದ್ರೆ ಕದೀತಾರೇನೇ?"

"ಕದಿಯಲ್ಲ ಅತ್ತೆ. ಕಪ್ಪ ತಗಂಡ್ ಹೋಗ್ತಾರೆ. ಕೇಳಿ ಇಸ್ಕಳದು ಅವ್ರಿಗೆ ಬರಲ್ಲ."

ಅತ್ತೆ ಮೆತ್ತಗಾದರು. ಅಲ್ಲಿಗೇ ನಾನು ಬಾಯಿ ಮುಚ್ಚಬೇಕಿತ್ತು. ಆದರೆ ಅವರು ಇನ್ನೊಂದು ಕೇಳಿದರು: "ಇಷ್ಟ್ ಮನೆ ಬಿಟ್ಟು ನಮ್ಮನೆಗೇ ಯಾಕ್ ಬಂದ್ರು?"

ಸುಳ್ಳಿನ ಕೊಡ ತಲೆಯ ಮೇಲೆ ನಿಲ್ಲಲು ಸುಳ್ಳಿನದೇ ಸಿಂಬೆ ಬೇಕು. ನಾನು ತಲೆ ತಗ್ಗಿಸಿ ಹೇಳಿದೆ: "ಗಟ್ಟಿಯಾಗಿ ನಗೋರ ಮನೆಗೆ ಬರ್ತಾರೆ. ತಮ್ಮನ್ನೇ ನೋಡಿ ನಕ್ರು ಅಂತ ಅವ್ರಿಗೆ ಅವಮಾನ ಆಗ್ತೈತೆ."

ಎಲ್ಲರೂ ಸಾಕಕ್ಕನ ಕಡೆ ತಿರುಗಿದರು.

ನಾನು ಬೇಕೆಂದು ಹೇಳಿದೆನೇ? ಎಷ್ಟೋ ಸಲ ಕೇಳಿಕೊಂಡಿದ್ದೇನೆ. ಆ ಮನೆಯಲ್ಲಿ ಎಲ್ಲರ ಪ್ರೀತಿ ಅವರ ನಗುವಿನ ಹಿಂದೆ ಹೋಗುತ್ತಿತ್ತು, ಮೂಲೆಯಲ್ಲಿ ಕೂತ ನನ್ನ ಕಡೆ ಯಾರೂ — ಹೌದು, ಬೇಕೆಂದೇ ಹೇಳಿದೆ.

ಅವತ್ತಿನಿಂದ ಸಾಕಕ್ಕ ಸೆರಗು ಬಾಯಿಗೆ ತುರುಕಿಕೊಂಡು ನಗತೊಡಗಿದರು. ಹಿರಿಯೂರಿನಲ್ಲಿ ಒಂದು ಮದುವೆ. ಊಟದ ಪಂಕ್ತಿಯಲ್ಲಿ ಬೀಗರ ಪಂಚೆ ಬೆಂಚಿನ ಮೊಳೆಗೆ ಸಿಕ್ಕಿ, ಅವರು ಎದ್ದರೂ ಪಂಚೆ ಏಳಲಿಲ್ಲ. ಛತ್ರವೆಲ್ಲ ನಕ್ಕಿತು, ಸಾಕಕ್ಕ ತಡೆದರು. ತಡೆದು ತಡೆದು ಬಿಕ್ಕಳಿಕೆ ಹತ್ತಿ, ಬಸ್ಸಿನಲ್ಲಿ ಊರು ಮುಟ್ಟುವವರೆಗೂ ನಿಲ್ಲಲಿಲ್ಲ. "ಯಾರು ನೆನೆಸ್ಕಂತಾವ್ರೋ" ಎಂದು ಭಾವ ನೀರು ಕುಡಿಸಿದರು. ನಾನು ಕಿಟಕಿಯಾಚೆ ತೆಂಗಿನ ಮರ ನೋಡುತ್ತಾ ಕೂತಿದ್ದೆ.

ಅತ್ತೆ ಪ್ರತಿ ಅಮಾವಾಸ್ಯೆಗೆ ಹಿತ್ತಿಲ ಗೋಡೆಯ ಗೂಡಿನಲ್ಲಿ ಒಂದು ಬಟ್ಟಲು ತುಪ್ಪ ಇಡುತ್ತಿದ್ದರು — ಅರಸರಿಗೆ ಸಂಕೋಚವಾಗದಿರಲೆಂದು ಗೋಡೆಗೆ ಮುಖ ಮಾಡಿ. ದುಂಡನೆಯ ಬಟ್ಟಲಿಗೆ ಮುಖ ಯಾವುದೆಂದು ಯಾರೂ ಕೇಳಲಿಲ್ಲ. ಅದನ್ನೂ ನಾನೇ ತಿಂದೆ. ಅತ್ತೆ ಹೋದ ಮೇಲೆ ಸಾಕಕ್ಕ ಇಡತೊಡಗಿದರು, ಅದನ್ನೂ ತಿಂದೆ. ರಕ್ತದಲ್ಲಿ ಕೊಬ್ಬು ಹೆಚ್ಚಿದೆ ಎಂದು ಡಾಕ್ಟರು ಹೇಳಿದ ಮೇಲೆ ಬೆಕ್ಕಿಗೆ ಬಿಟ್ಟೆ. ಪಾಪಕ್ಕೆ ಹೆದರಿ ಬಿಟ್ಟೆನೆಂದು ತಿಳಿಯಬೇಡಿ.

ಪವಿ ನಗು ನುಂಗಿದ ಮರುದಿನ, ಮನೆ ಪಾಲಾದ ಮೇಲೆ ಪಕ್ಕದಲ್ಲೇ ಇರುವ ಸಾಕಕ್ಕನ ಮನೆಗೆ ಹೋದೆ. ಅಂಗಳದಲ್ಲಿ ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದರು. ನಿಂತೇ ಹೇಳಿದೆ, ತುಪ್ಪದಿಂದ ಶುರುಮಾಡಿ ಎಲ್ಲವನ್ನೂ. ಬೈಯುತ್ತಾರೆ ಎಂದುಕೊಂಡಿದ್ದೆ. ಹೊಡೆದರೂ ಸರಿ ಎಂದುಕೊಂಡಿದ್ದೆ. ಅವರು ಕೈಯಲ್ಲಿದ್ದ ಬೀಜವನ್ನೇ ನೋಡುತ್ತಾ ಕೇಳಿದರು:

"ಹಂಗಾದ್ರೆ ಆ ಗೂಡಿನತ್ರ ಯಾರೂ ಇರ್ಲಿಲ್ವೇನೇ ಗೌರಿ?"

"ಇರ್ಲಿಲ್ಲ ಅಕ್ಕ."

"ನನಗ್ ಮಕ್ಕಳಾಗ್ಲಿಲ್ಲ ಅಂತ ಊರೋರು ಆಡ್ಕಂಡಿದ್ದು, ನಿಮ್ ಭಾವ ಇನ್ನೊಂದ್ ಮದ್ವೆ ಮಾತೆತ್ತಿದ್ದು — ಎಲ್ಲಾ ಅಲ್ಲೇ ನಿಂತು ಹೇಳ್ಕಂಡೆನಲ್ಲೇ. ಅವಮಾನ ಪಟ್ಟೋರು, ಅವ್ರಿಗೆ ತಿಳೀತೈತೆ ಅಂತ." ಕೈಯಲ್ಲಿದ್ದ ಬೀಜ ಕೆಳಗೆ ಹಾಕಿದರು. "ಇನ್ ಯಾರಿಗ್ ಹೇಳ್ಕಳ್ಳಿ?"

"ನನಗ್ ಹೇಳ್ರಿ ಅಕ್ಕ" ಎಂದೆ.

"ನಿನಗಾ?" ಅಡಿಯಿಂದ ಮುಡಿಯವರೆಗೆ ನೋಡಿದರು. "ಅರಸ್ರಾದ್ರೂ ಮೊಣಕಾಲೆತ್ತರ ಇದ್ರು. ನೀನ್ ಅಷ್ಟೂ ಇಲ್ಲ ಹೋಗೇ."

ಅವರು ಹೇಳಿದ್ದು ಸರಿ. ಒಂದು ಬಟ್ಟಲು ತುಪ್ಪಕ್ಕೆ ಅವರ ನಗು ಕಸಿದೆ. ನಿಜ ಹೇಳಿ, ಅವರ ಅಳು ಕೇಳುತ್ತಿದ್ದವರನ್ನೂ ಕಸಿದೆ. ಎರಡನ್ನೂ ವಾಪಸು ಕೊಡುವುದು ನನ್ನ ಕೈಯಲ್ಲಿಲ್ಲ.

ಆದರೂ ದಿನಾ ಮಧ್ಯಾಹ್ನ ಹೋಗುತ್ತಿದ್ದೇನೆ. ಮೂರು ದಿನ ತಿರುಗಿ ನೋಡಲಿಲ್ಲ. ನಿನ್ನೆ ಮಾತಿಲ್ಲದೆ ಹುಣಸೆಹಣ್ಣಿನ ಪುಟ್ಟಿಯನ್ನು ನನ್ನ ಮುಂದೆ ತಳ್ಳಿದರು. ಸಂಜೆಯವರೆಗೆ ಬೀಜ ಬಿಡಿಸಿದೆ. ಎದ್ದು ಬರುವಾಗ, "ನಾಳೆ ಇನ್ನೊಂದ್ ಪುಟ್ಟಿ ಐತೆ" ಎಂದರು, ನನಗಲ್ಲ, ಗೋಡೆಗೆ.

ಹೋಗುತ್ತೇನೆ.